ಶಿನೋಬು ಹಶಿಮೊಟೊ: ಜಪಾನಿ ಚಿತ್ರರಂಗದ ಚಿತ್ರಕಥೆಗಾರ

ಜಗತ್ತಿನ ಸಿನಿಮಾ ಚರಿತ್ರೆಯಲ್ಲಿ 'ರಾಶೋಮನ್', 'ಇಕಿರು', 'ಸೆವೆನ್ ಸಮುರಾಯ್' ಎಂಬ ಹೆಸರುಗಳು ಬಂದಾಗಲೆಲ್ಲ ನಿರ್ದೇಶಕ ಅಕಿರಾ ಕುರೊಸಾವಾ ಅವರ ಸ್ಮರಣೆಯಾಗುತ್ತದೆ. ಈ ಮೂರೂ ಚಿತ್ರಗಳ ಚಿತ್ರಕಥೆಯಲ್ಲಿ ಪಾಲುದಾರರಾಗಿದ್ದ ಮತ್ತೊಬ್ಬ ವ್ಯಕ್ತಿಯ ಹೆಸರು ಮಾತ್ರ ಜಪಾನಿನಾಚೆಗೆ ಹೆಚ್ಚು ಪ್ರಚಾರ ಪಡೆಯಲಿಲ್ಲ. ಅವರೇ ಶಿನೋಬು ಹಶಿಮೊಟೊ (1918–2018). ಕುರೊಸಾವಾ ಅವರ ಮೂವತ್ತು ಚಿತ್ರಗಳ ಪೈಕಿ ಎಂಟಕ್ಕೆ ಸಹಲೇಖಕರಾಗಿ ದುಡಿದ ಹಶಿಮೊಟೊ, ತದಾಶಿ ಇಮಾಯ್, ಮಸಾಕಿ ಕೊಬಯಾಶಿ, ಯೊಶಿತಾರೊ ನೊಮುರಾ, ಕಿಹಾಚಿ ಒಕಾಮೊಟೊ ಮೊದಲಾದ ಪ್ರಮುಖ ನಿರ್ದೇಶಕರಿಗೂ ಚಿತ್ರಕಥೆ ಒದಗಿಸಿದರು. ಎರಡನೆಯ ಮಹಾಯುದ್ಧದ ನಂತರದ ಜಪಾನಿ ಚಿತ್ರರಂಗದ ಅತ್ಯಂತ ಪ್ರಭಾವಿ ಚಿತ್ರಕಥೆಗಾರರೆಂದು ಅವರನ್ನು ಪರಿಗಣಿಸಲಾಗುತ್ತದೆ.

ಅಧಿಕಾರದ ಮುಂದೆ ಒಬ್ಬಂಟಿಯಾಗಿ ನಿಲ್ಲುವ ಸಾಮಾನ್ಯ ಮನುಷ್ಯ, ದಾಖಲೆಗೂ ಸತ್ಯಕ್ಕೂ ಇರುವ ಅಂತರ, ತೀರ್ಪು ನೀಡುವವರ ನೈತಿಕ ಅರ್ಹತೆ ಇವು ಅವರ ಬರವಣಿಗೆಯಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುವ ವಸ್ತುಗಳು.

ಸೇನೆಯಿಂದ ಕ್ಷಯರೋಗ ಚಿಕಿತ್ಸಾಲಯಕ್ಕೆ

ಹಶಿಮೊಟೊ 1918ರ ಏಪ್ರಿಲ್ 18ರಂದು ಪಶ್ಚಿಮ ಜಪಾನಿನ ಹ್ಯೋಗೊ ಪ್ರಾಂತ್ಯದ ಗ್ರಾಮೀಣ ಪ್ರದೇಶದಲ್ಲಿ ಜನಿಸಿದರು. 1938ರಲ್ಲಿ ಸೇನೆಗೆ ಸೇರಿದ ಅವರಿಗೆ ಯುದ್ಧಭೂಮಿಗೆ ತೆರಳುವ ಮೊದಲೇ ಕ್ಷಯರೋಗ ತಗುಲಿತು. ಅಂದು ಕ್ಷಯಕ್ಕೆ ಪರಿಣಾಮಕಾರಿ ಔಷಧಿ ಇರಲಿಲ್ಲ. ಒಕಯಾಮಾ ಪ್ರಾಂತ್ಯದ ಚಿಕಿತ್ಸಾಲಯವೊಂದರಲ್ಲಿ ಅವರು ನಾಲ್ಕು ವರ್ಷ ಕಳೆಯಬೇಕಾಯಿತು.

ಅವರ ಬದುಕಿನ ದಿಕ್ಕು ಬದಲಾದದ್ದು ಅಲ್ಲಿಯೇ. ಪಕ್ಕದ ಹಾಸಿಗೆಯ ರೋಗಿಯೊಬ್ಬರು ಓದಲೆಂದು ಕೊಟ್ಟ ಸಿನಿಮಾ ಪತ್ರಿಕೆಯಲ್ಲಿ ಚಿತ್ರಕಥೆಯೊಂದು ಪ್ರಕಟವಾಗಿತ್ತು. ಅದನ್ನು ಓದಿದ ಹಶಿಮೊಟೊ, ಇಷ್ಟಾದರೆ ತಾನೂ ಬರೆಯಬಲ್ಲೆ ಎಂದುಕೊಂಡರು. ಜಪಾನಿನ ಅತ್ಯುತ್ತಮ ಚಿತ್ರಕಥೆಗಾರ ಯಾರೆಂದು ಕೇಳಿದಾಗ ದೊರೆತ ಉತ್ತರ, ಮನ್ಸಾಕು ಇಟಾಮಿ. ಚಿಕಿತ್ಸಾಲಯದ ಸೈನಿಕ ರೋಗಿಗಳ ಜೀವನವನ್ನೇ ವಸ್ತುವಾಗಿಸಿಕೊಂಡು ಬರೆದ ಚಿತ್ರಕಥೆಯನ್ನು ಹಶಿಮೊಟೊ ಅವರಿಗೇ ಕಳುಹಿಸಿದರು. ನಿರ್ದೇಶಕರೂ ಆಗಿದ್ದ ಇಟಾಮಿ ಆಗ ಸ್ವತಃ ಕ್ಷಯದಿಂದ ಹಾಸಿಗೆ ಹಿಡಿದಿದ್ದರು. ಅಪರಿಚಿತ ಯುವಕನ ಹಸ್ತಪ್ರತಿಯನ್ನು ಓದಿ, ಲೋಪದೋಷಗಳನ್ನು ವಿವರಿಸಿ ಅವರು ಉತ್ತರ ಬರೆದರು. ಇಟಾಮಿ ಅವರಿಗೆ ಹಶಿಮೊಟೊ ಏಕೈಕ ಶಿಷ್ಯರೆನಿಸಿದರು.

ಆರೋಗ್ಯ ಸುಧಾರಿಸಿದ ಮೇಲೆ ಹಶಿಮೊಟೊ ಹಿಮೆಜಿ ನಗರದ ಕಂಪನಿಯೊಂದರಲ್ಲಿ ನೌಕರಿಗೆ ಸೇರಿದರು. ಕಚೇರಿಗೆ ಹೋಗಿ ಬರುವ ರೈಲು ಪ್ರಯಾಣದ ವೇಳೆಯಲ್ಲೇ ಬರವಣಿಗೆ ಸಾಗುತ್ತಿತ್ತು.

ಗುರು ಶಿಷ್ಯರ ನಡುವಿನ ಒಂದು ಸಂವಾದವನ್ನು ಹಶಿಮೊಟೊ ತಮ್ಮ ನೆನಪಿನ ಪುಸ್ತಕದಲ್ಲಿ ದಾಖಲಿಸಿದ್ದಾರೆ. ಸ್ವತಂತ್ರ ಕಥೆಗಳನ್ನೇ ಬರೆಯುತ್ತಿದ್ದ ಶಿಷ್ಯನಿಗೆ ಸಾಹಿತ್ಯ ಕೃತಿಗಳ ರೂಪಾಂತರವನ್ನೂ ಪ್ರಯತ್ನಿಸುವಂತೆ ಇಟಾಮಿ ಸಲಹೆ ನೀಡಿದರು. ಮೂಲಕೃತಿಯನ್ನು ಹೇಗೆ ಎದುರಿಸುತ್ತೀಯೆ ಎಂದು ಕೇಳಿದಾಗ ಹಶಿಮೊಟೊ ಕೊಟ್ಟ ಉದಾಹರಣೆ ದೊಡ್ಡಿಯಲ್ಲಿ ಕೂಡಿಹಾಕಿದ ಹೋರಿಯದು. ದಿನವೂ ಹೋಗಿ ಅದನ್ನು ಸುತ್ತಲಿನಿಂದ ನೋಡಬೇಕು, ಮರ್ಮಸ್ಥಾನ ತಿಳಿದ ದಿನ ಒಂದೇ ಪೆಟ್ಟಿಗೆ ಕೆಡವಬೇಕು, ಹರಿಯುವ ರಕ್ತವನ್ನಷ್ಟೇ ಪಾತ್ರೆಯಲ್ಲಿ ಹಿಡಿದುಕೊಳ್ಳಬೇಕು. ತನಗೆ ಬೇಕಿರುವುದು ರಕ್ತವೇ ಹೊರತು ಹೋರಿಯ ಆಕಾರವಲ್ಲ ಎಂಬುದು ಅವರ ವಾದ. ಇಟಾಮಿ ಇದನ್ನು ಬಹುಮಟ್ಟಿಗೆ ಒಪ್ಪಿದರೂ, ಕೆಲವು ಕೃತಿಗಳೊಡನೆ ಸಹಮರಣಕ್ಕೆ ಸಿದ್ಧನಾಗಬೇಕಾದ ಸಂದರ್ಭವೂ ಬರಬಹುದೆಂದು ಎಚ್ಚರಿಸಿದರು. 1946ರಲ್ಲಿ ಇಟಾಮಿ ನಿಧನರಾದರು.

'ರಾಶೋಮನ್': ಒಂದು ಕೊಲೆ, ಹಲವು ಸಾಕ್ಷ್ಯ

ಗುರುವಿನ ಸಲಹೆಯಂತೆ ಹಶಿಮೊಟೊ ಕೈಗೆತ್ತಿಕೊಂಡದ್ದು ರ್ಯೂನೊಸುಕೆ ಅಕುತಗಾವಾ ಅವರ 1922ರ ಸಣ್ಣಕಥೆ 'ಯಾಬು ನೊ ನಾಕಾ', ಅಂದರೆ 'ಪೊದೆಯೊಳಗೆ'. ಕಾಡಿನಲ್ಲಿ ಸತ್ತುಬಿದ್ದ ಸಮುರಾಯ್ ಒಬ್ಬನ ಬಗ್ಗೆ ಏಳು ಮಂದಿ ನುಡಿಯುವ ಸಾಕ್ಷ್ಯವೇ ಈ ಕಥೆ. ಒಬ್ಬರ ಹೇಳಿಕೆ ಇನ್ನೊಬ್ಬರ ಹೇಳಿಕೆಗೆ ತಾಳೆಯಾಗುವುದಿಲ್ಲ. ಸತ್ತವನ ಆತ್ಮ ಆಡುವ ಮಾತಿಗೂ ಪ್ರತ್ಯೇಕ ಖಚಿತತೆಯಿಲ್ಲ. ಹಶಿಮೊಟೊ ಬರೆದ ಚಿತ್ರಕಥೆಯ ಹೆಸರು 'ಗಂಡು ಹೆಣ್ಣು'.

ಈ ಹಸ್ತಪ್ರತಿ ಕುರೊಸಾವಾ ಅವರ ಕೈಸೇರಿತು. ಮೆಚ್ಚುಗೆಯಾದರೂ ಪೂರ್ಣಪ್ರಮಾಣದ ಚಿತ್ರಕ್ಕೆ ಅದು ಚಿಕ್ಕದಾಗಿತ್ತು. ಅಕುತಗಾವಾ ಅವರದೇ 1915ರ ಇನ್ನೊಂದು ಕಥೆ 'ರಾಶೋಮನ್' ಅನ್ನು ಇದರೊಡನೆ ಸೇರಿಸಲು ನಿರ್ಧಾರವಾಯಿತು. ಆ ಹೊತ್ತಿಗೆ ಹಶಿಮೊಟೊ ಅನಾರೋಗ್ಯಕ್ಕೆ ಒಳಗಾದುದರಿಂದ ಅಂತಿಮ ರೂಪವನ್ನು ಕುರೊಸಾವಾ ಪೂರ್ಣಗೊಳಿಸಿದರು. ಪಾಳುಬಿದ್ದ ಮಹಾದ್ವಾರದಡಿ ಮಳೆಗೆ ನಿಂತವರು ಕೊಲೆಯ ಕಥೆಯನ್ನು ಚರ್ಚಿಸುವ ಚೌಕಟ್ಟು, ಕೊನೆಯಲ್ಲಿ ಅನಾಥ ಶಿಶುವನ್ನು ಸೌದೆಗಾರ ಎತ್ತಿಕೊಳ್ಳುವ ದೃಶ್ಯ ಸೇರಿಕೊಂಡದ್ದು ಹೀಗೆ.

ಚಿತ್ರೀಕರಣಕ್ಕೆ ಮುನ್ನ ಮೂವರು ಸಹಾಯಕ ನಿರ್ದೇಶಕರು ಚಿತ್ರಕಥೆ ಅರ್ಥವಾಗಲಿಲ್ಲವೆಂದು ಕುರೊಸಾವಾ ಅವರಲ್ಲಿ ದೂರಿದ ಪ್ರಸಂಗ ಪ್ರಸಿದ್ಧ. ದಾಯ್‌ಎಯ್ ಸಂಸ್ಥೆಯ ಈ ಚಿತ್ರ 1950ರ ಆಗಸ್ಟ್‌ನಲ್ಲಿ ತೆರೆಕಂಡಿತು. ಆ ವರ್ಷದ ಬ್ಲೂ ರಿಬ್ಬನ್ ಚಿತ್ರಕಥೆ ಪ್ರಶಸ್ತಿ ಇಬ್ಬರಿಗೂ ದೊರೆಯಿತು. 1951ರಲ್ಲಿ ವೆನಿಸ್ ಚಿತ್ರೋತ್ಸವದ ಗೋಲ್ಡನ್ ಲಯನ್, ಮರುವರ್ಷ ಆಸ್ಕರ್ ಗೌರವ ಪ್ರಶಸ್ತಿ ಸಂದವು. ಪಾಶ್ಚಾತ್ಯ ಜಗತ್ತಿಗೆ ಜಪಾನಿ ಸಿನಿಮಾದ ಬಾಗಿಲು ತೆರೆದ ಚಿತ್ರವೆಂದು ಇದನ್ನು ಗುರುತಿಸಲಾಗುತ್ತದೆ. ಒಂದೇ ಘಟನೆಯನ್ನು ಸಾಕ್ಷಿಗಳು ಭಿನ್ನವಾಗಿ ವಿವರಿಸುವ ಸ್ಥಿತಿಗೆ 'ರಾಶೋಮನ್ ಪರಿಣಾಮ' ಎಂಬ ಹೆಸರು ಕಾನೂನು ಹಾಗೂ ಸಮಾಜ ವಿಜ್ಞಾನಗಳ ಚರ್ಚೆಯಲ್ಲೂ ಬಳಕೆಗೆ ಬಂದಿದೆ.

'ಇಕಿರು': ಸಾವಿನ ಮುಂದಿನ ಗುಮಾಸ್ತ

ಮುಂದಿನ ಚಿತ್ರಕ್ಕೆ ಕುರೊಸಾವಾ ಕೊಟ್ಟ ವಸ್ತು ಒಂದೇ ಸಾಲಿನದು: ಕೆಲವೇ ದಿನಗಳ ಆಯುಷ್ಯ ಉಳಿದಿರುವ ಮನುಷ್ಯ. ಹಶಿಮೊಟೊ ಅದಕ್ಕೆ ಮೊದಲ ಕರಡು ಸಿದ್ಧಪಡಿಸಿದರು. ಹಿರಿಯ ಲೇಖಕ ಹಿಡೆಯೊ ಒಗುನಿ ಮೂರನೆಯವರಾಗಿ ಜತೆಗೂಡಿದರು.

ನಗರಸಭೆಯ ವಿಭಾಗವೊಂದರ ಮುಖ್ಯಸ್ಥ ವತಾನಬೆ ದಶಕಗಳ ಕಾಲ ಕಡತಗಳ ಮೇಲೆ ಮೊಹರು ಒತ್ತುತ್ತ ಕುಳಿತವನು. ಹೊಟ್ಟೆಯ ಕ್ಯಾನ್ಸರ್ ಇದೆಯೆಂದು ತಿಳಿದ ಬಳಿಕ, ಕೊಳಚೆ ನಿಂತ ಜಾಗದಲ್ಲಿ ಮಕ್ಕಳ ಆಟದ ಉದ್ಯಾನ ನಿರ್ಮಿಸಲು ಪಣತೊಡುತ್ತಾನೆ. ಈ ಚಿತ್ರಕಥೆಯ ವೈಶಿಷ್ಟ್ಯವಿರುವುದು ಅದರ ರಚನೆಯಲ್ಲಿ. ನಾಯಕ ಕೊನೆಯವರೆಗೂ ಬದುಕಿರುವುದಿಲ್ಲ. ಕಥೆ ಇನ್ನೂ ಬಹಳಷ್ಟು ಬಾಕಿಯಿರುವಾಗಲೇ ಅವನ ಸಾವಿನ ಸುದ್ದಿ ಬರುತ್ತದೆ. ಉಳಿದ ಭಾಗ ನಡೆಯುವುದು ಅಂತ್ಯಸಂಸ್ಕಾರದ ಮುನ್ನಿನ ಜಾಗರಣೆಯಲ್ಲಿ. ಸಹೋದ್ಯೋಗಿಗಳು ಕುಡಿಯುತ್ತ, ಉದ್ಯಾನ ಕಟ್ಟಿಸಿದ ಶ್ರೇಯಸ್ಸು ಯಾರದೆಂದು ವಾದಿಸುತ್ತ, ಸತ್ತವನ ಕೊನೆಯ ತಿಂಗಳುಗಳನ್ನು ತುಣುಕು ತುಣುಕಾಗಿ ಹೊರಗೆಡಹುತ್ತಾರೆ. ನಾಯಕ ನಡುವೆಯೇ ಸಾಯಬೇಕೆಂದು ಸೂಚಿಸಿದವರು ಒಗುನಿ.

ಅಧಿಕಾರಶಾಹಿಯ ಮೇಲಿನ ಟೀಕೆ ಈ ಭಾಗದಲ್ಲಿ ಹೆಚ್ಚು ತೀಕ್ಷ್ಣವಾಗಿದೆ. ಅಮಲಿನಲ್ಲಿ ಕಣ್ಣೀರಿಟ್ಟು ವತಾನಬೆಯ ಹಾದಿ ಹಿಡಿಯುವುದಾಗಿ ಪ್ರತಿಜ್ಞೆ ಮಾಡಿದವರು ಮರುದಿನ ಕಚೇರಿಯಲ್ಲಿ ಯಥಾಪ್ರಕಾರ ಅರ್ಜಿದಾರರನ್ನು ಬೇರೆ ವಿಭಾಗಕ್ಕೆ ಸಾಗಹಾಕುತ್ತಾರೆ. ತಕಾಶಿ ಶಿಮುರಾ ಮುಖ್ಯಪಾತ್ರ ವಹಿಸಿದ 'ಇಕಿರು' 1952ರಲ್ಲಿ ಜಪಾನಿನ ಪ್ರತಿಷ್ಠಿತ ಪತ್ರಿಕೆ 'ಕಿನೆಮಾ ಜುಂಪೊ' ಪಟ್ಟಿಯಲ್ಲಿ ಪ್ರಥಮ ಸ್ಥಾನ ಪಡೆಯಿತು. ನೊಬೆಲ್ ಪುರಸ್ಕೃತ ಲೇಖಕ ಕಜುವೊ ಇಶಿಗುರೊ ಇದನ್ನು ಲಂಡನ್ ನಗರಕ್ಕೆ ಅಳವಡಿಸಿ ಬರೆದ 'ಲಿವಿಂಗ್' 2022ರಲ್ಲಿ ತೆರೆಕಂಡಿತು. ಆ ಚಿತ್ರಕಥೆ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತ್ತು.

ಮಧ್ಯಾಹ್ನದ ಊಟ ಮತ್ತು ಏಳು ಸಮುರಾಯ್‌ಗಳು

'ಸೆವೆನ್ ಸಮುರಾಯ್' ಹುಟ್ಟಿದ್ದು ಕೈಬಿಟ್ಟ ಎರಡು ಯೋಜನೆಗಳ ಅವಶೇಷದಿಂದ. ಮೊದಲನೆಯದು ಒಬ್ಬ ಸಮುರಾಯ್‌ನ ಒಂದೇ ದಿನದ ಕಥೆ. ಬೆಳಗ್ಗೆ ಎದ್ದು ಕೋಟೆಯ ಕೆಲಸಕ್ಕೆ ತೆರಳುವ ವ್ಯಕ್ತಿ ಸಣ್ಣ ತಪ್ಪೊಂದನ್ನು ಎಸಗಿ, ಅದರ ಪ್ರಾಯಶ್ಚಿತ್ತವಾಗಿ ಅಂದೇ ಹೊಟ್ಟೆ ಬಗಿದುಕೊಂಡು ಸಾಯುವುದು ವಸ್ತು. ಹಶಿಮೊಟೊ ಗ್ರಂಥಾಲಯದಲ್ಲಿ ತಿಂಗಳುಗಟ್ಟಲೆ ಹಳೆಯ ದಾಖಲೆ ಜಾಲಾಡಿದರು. ಅವರನ್ನು ಕಂಗೆಡಿಸಿದ ಪ್ರಶ್ನೆ ಮೇಲ್ನೋಟಕ್ಕೆ ಅತಿ ಸಾಮಾನ್ಯವಾದುದು: ಆ ಕಾಲದ ಸಮುರಾಯ್ ಮಧ್ಯಾಹ್ನ ಊಟ ಮಾಡುತ್ತಿದ್ದನೆ? ಮನೆಯಿಂದ ಬುತ್ತಿ ಒಯ್ಯುತ್ತಿದ್ದನೆ, ಕೋಟೆಯಲ್ಲೇ ಬಡಿಸುತ್ತಿದ್ದರೆ, ಅಥವಾ ದಿನಕ್ಕೆ ಎರಡೇ ಹೊತ್ತು ಊಟವೆ? ಖಚಿತ ಆಧಾರ ಸಿಗಲಿಲ್ಲ. ಗೆಳೆಯನೊಡನೆ ಬುತ್ತಿ ಬಿಚ್ಚಿ ಕುಳಿತು ಮಾತಾಡುವ ದೃಶ್ಯವನ್ನು ಊಹೆಯ ಮೇಲೆ ಬರೆದರೆ ಇಡೀ ಚಿತ್ರದ ನೈಜತೆಯೇ ಕುಸಿಯುತ್ತದೆಂದು ಅವರು ಯೋಜನೆಯನ್ನು ಕೈಬಿಟ್ಟರು. ಕುರೊಸಾವಾ ಕೆರಳಿದರು, ಆದರೆ ನಿರ್ಧಾರ ಬದಲಾಗಲಿಲ್ಲ.

ಎರಡನೆಯದು ಪ್ರಸಿದ್ಧ ಖಡ್ಗವೀರರ ಜೀವನದ ಉತ್ಕಟ ಪ್ರಸಂಗಗಳ ಸರಣಿ. ಪರಾಕಾಷ್ಠೆಗಳನ್ನೇ ಪೋಣಿಸಿದರೆ ಚಿತ್ರವಾಗದೆಂದು ಅದೂ ನಿಂತಿತು. ಆದರೆ ಅದರ ಚರ್ಚೆಯಲ್ಲಿ ಹೊಸ ಪ್ರಶ್ನೆಯೊಂದು ಎದ್ದಿತ್ತು. ವಿದ್ಯೆಗಾಗಿ ದೇಶ ಸುತ್ತುತ್ತಿದ್ದ ಖಡ್ಗಧಾರಿಗಳು ಹಣವಿಲ್ಲದೆ ಹೊಟ್ಟೆ ಹೊರೆಯುತ್ತಿದ್ದುದು ಹೇಗೆ? ಗರಡಿ ಮನೆ, ದೇವಾಲಯಗಳಲ್ಲಿ ಆಶ್ರಯ ಸಿಗದಿದ್ದರೆ ಹಳ್ಳಿಯೊಂದರಲ್ಲಿ ರಾತ್ರಿ ಕಾವಲು ಕಾದು ಅನ್ನ ಪಡೆಯುತ್ತಿದ್ದರು ಎಂಬ ಮಾಹಿತಿ ನಿರ್ಮಾಪಕ ಸೊಜಿರೊ ಮೊತೊಕಿ ಮೂಲಕ ದೊರೆಯಿತು. ರೈತರು ಅನ್ನ ಕೊಟ್ಟು ಸಮುರಾಯ್‌ಗಳನ್ನು ನೇಮಿಸಿಕೊಳ್ಳುತ್ತಾರೆ ಎಂಬ ಕಥಾಬೀಜ ಸಿಕ್ಕಿದ್ದು ಅಲ್ಲಿಂದ.

ಕುರೊಸಾವಾ, ಹಶಿಮೊಟೊ, ಒಗುನಿ ಮೂವರೂ ಕಡಲತೀರದ ಬಿಸಿನೀರ ಬುಗ್ಗೆಗಳ ಊರಾದ ಅತಾಮಿಯ ವಸತಿಗೃಹವೊಂದರಲ್ಲಿ ಸುಮಾರು ಒಂದೂವರೆ ತಿಂಗಳು ತಂಗಿ ಇದನ್ನು ಬರೆದು ಮುಗಿಸಿದರು. ತೊಶಿರೊ ಮಿಫುನೆ ಅಭಿನಯಿಸಿದ ಕಿಕುಚಿಯೊ ಎಂಬ ಪಾತ್ರ ಮೊದಲ ರೂಪರೇಷೆಯಲ್ಲಿ ಇರಲಿಲ್ಲ. ಸಮುರಾಯ್ ವೇಷ ತೊಟ್ಟ ಈ ರೈತನ ಮಗ ಬಂದ ನಂತರವೇ ರೈತರ ಮತ್ತು ಸಮುರಾಯ್‌ಗಳ ಪರಸ್ಪರ ಭಯ, ಅಪನಂಬಿಕೆಗಳಿಗೆ ಬಾಯಿ ಬಂದಿತು. 207 ನಿಮಿಷಗಳ ಚಿತ್ರ 1954ರ ಏಪ್ರಿಲ್‌ನಲ್ಲಿ ಬಿಡುಗಡೆಯಾಗಿ ಅದೇ ವರ್ಷ ವೆನಿಸ್‌ನಲ್ಲಿ ಸಿಲ್ವರ್ ಲಯನ್ ಪಡೆಯಿತು. 1960ರಲ್ಲಿ ಹಾಲಿವುಡ್ ಇದನ್ನು 'ದಿ ಮ್ಯಾಗ್ನಿಫಿಸೆಂಟ್ ಸೆವೆನ್' ಎಂದು ಮರುನಿರ್ಮಿಸಿತು.

ಒಂದೇ ಕೋಣೆಯ ಮೂರು ಲೇಖನಿಗಳು

ಕುರೊಸಾವಾ ತಂಡದ ಸಹಲೇಖನ ಪದ್ಧತಿ ವಿಶಿಷ್ಟವಾಗಿತ್ತು. ಹಶಿಮೊಟೊ ಮೊದಲ ಕರಡು ಬರೆಯುತ್ತಿದ್ದರು. ಅನಂತರ ಒಂದೇ ಮೇಜಿನ ಸುತ್ತ ಕುಳಿತು, ಒಂದೇ ದೃಶ್ಯವನ್ನು ಕುರೊಸಾವಾ ಮತ್ತು ಹಶಿಮೊಟೊ ಪ್ರತ್ಯೇಕವಾಗಿ ಬರೆಯುತ್ತಿದ್ದರು. ಒಗುನಿ ಬರೆಯುತ್ತಿರಲಿಲ್ಲ, ಇಬ್ಬರ ಹಾಳೆಗಳನ್ನೂ ಓದಿ ತೀರ್ಪು ಹೇಳುವುದಷ್ಟೇ ಅವರ ಕೆಲಸ. ಅವರು ಒಪ್ಪದ ಹಾಳೆ ಮುಂದಕ್ಕೆ ಹೋಗುತ್ತಿರಲಿಲ್ಲ. ನಿರ್ದೇಶಕನ ಬರಹಕ್ಕೂ ಇದೇ ನಿಯಮ ಅನ್ವಯಿಸುತ್ತಿತ್ತು.

ಮುಂದೆ ಈ ಪದ್ಧತಿ ಬದಲಾಯಿತು. ಪ್ರತ್ಯೇಕ ಮೊದಲ ಕರಡಿನ ಹಂತವನ್ನು ಬಿಟ್ಟು ಎಲ್ಲರೂ ಸೇರಿ ನೇರವಾಗಿ ಅಂತಿಮ ಪ್ರತಿಯನ್ನೇ ಬರೆಯುವ ಕ್ರಮ ರೂಢಿಗೆ ಬಂದಿತು. ಅಣುಬಾಂಬ್ ಭೀತಿಯ ಕುರಿತ 1955ರ ಚಿತ್ರ, ಷೇಕ್ಸ್‌ಪಿಯರನ 'ಮ್ಯಾಕ್‌ಬೆತ್' ಆಧರಿಸಿದ 'ಥ್ರೋನ್ ಆಫ್ ಬ್ಲಡ್' (1957), 'ದಿ ಹಿಡನ್ ಫೋರ್ಟ್ರೆಸ್' (1958), 'ದಿ ಬ್ಯಾಡ್ ಸ್ಲೀಪ್ ವೆಲ್' (1960) ಈ ಅವಧಿಯವು. ಕರಡಿನ ಹಂತವನ್ನು ಬಿಟ್ಟದ್ದರಿಂದ ಚಿತ್ರಕಥೆಗಳ ಆಳ ಕುಗ್ಗಿತೆಂಬುದು ಹಶಿಮೊಟೊ ಅವರ ಸ್ಪಷ್ಟ ಅಭಿಪ್ರಾಯವಾಗಿತ್ತು. 1960ರ ಬಳಿಕ ಅವರು ಕುರೊಸಾವಾ ಜತೆ ಮತ್ತೆ ಕೆಲಸ ಮಾಡಿದ್ದು 1970ರ 'ದೊದೆಸ್ಕಾದೆನ್' ಚಿತ್ರಕ್ಕೆ ಮಾತ್ರ.

ವಿಚಾರಣೆ ನಡೆಯುತ್ತಿದ್ದಾಗಲೇ ತೆರೆಗೆ

ಕುರೊಸಾವಾ ಅವರಿಂದ ಸ್ವತಂತ್ರವಾಗಿ ಹಶಿಮೊಟೊ ಬರೆದ ಮಹತ್ವದ ಚಿತ್ರ ತದಾಶಿ ಇಮಾಯ್ ನಿರ್ದೇಶನದ 'ಮಹಿರು ನೊ ಅಂಕೊಕು' (1956), ಅಂದರೆ 'ಹಗಲ ಕತ್ತಲೆ'. ಇದಕ್ಕೆ ಆಧಾರ ಯಮಗುಚಿ ಪ್ರಾಂತ್ಯದಲ್ಲಿ 1951ರಲ್ಲಿ ವೃದ್ಧ ದಂಪತಿಯ ಕೊಲೆಯಾದ ನೈಜ ಪ್ರಕರಣ. ಸಿಕ್ಕಿಬಿದ್ದ ವ್ಯಕ್ತಿ ಮೊದಲು ತಾನೊಬ್ಬನೇ ಕೃತ್ಯ ಎಸಗಿದ್ದಾಗಿ ಹೇಳಿದ್ದರೂ, ಪೊಲೀಸರು ಇದು ಹಲವರ ಕೃತ್ಯವೆಂಬ ನಿಲುವು ತಳೆದರು. ಇನ್ನೂ ನಾಲ್ವರು ಬಂಧಿತರಾದರು. ಅವರ ಪರ ವಕೀಲ ಹಿರೊಶಿ ಮಸಾಕಿ ಪ್ರಕರಣದ ಕುರಿತು ಬರೆದ ಪುಸ್ತಕ ಚಿತ್ರಕ್ಕೆ ಮೂಲವಾಯಿತು.

ಪ್ರಕರಣ ಸರ್ವೋಚ್ಚ ನ್ಯಾಯಾಲಯದಲ್ಲಿ ಬಾಕಿಯಿರುವಾಗಲೇ ಚಿತ್ರ ಬಿಡುಗಡೆಯಾಯಿತು. ಆರೋಪಿಗಳು ನಿರಪರಾಧಿಗಳೆಂದು ಅದು ನೇರವಾಗಿ ಪ್ರತಿಪಾದಿಸಿತು. ಪ್ರಾಸಿಕ್ಯೂಷನ್ ಹೇಳುವಂತೆ ಎಲ್ಲವೂ ನಡೆದಿದ್ದರೆ ಆರೋಪಿಗಳು ನಿಮಿಷ ನಿಮಿಷಕ್ಕೂ ಓಡಾಡಬೇಕಿತ್ತು ಎಂಬುದನ್ನು ವೇಗ ಹೆಚ್ಚಿಸಿದ ದೃಶ್ಯದಲ್ಲಿ ತೋರಿಸಿ, ಆರೋಪಪಟ್ಟಿಯ ಅಸಂಭಾವ್ಯತೆಯನ್ನು ಪ್ರೇಕ್ಷಕರ ಮುಂದಿಡಲಾಯಿತು. ಮೇಲ್ಮನವಿ, ಮರುವಿಚಾರಣೆಗಳ ದೀರ್ಘ ಸರಣಿಯ ನಂತರ 1968ರ ಅಕ್ಟೋಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯ ನಾಲ್ವರನ್ನೂ ದೋಷಮುಕ್ತಗೊಳಿಸಿತು. ಬಂಧನವಾಗಿ ಆಗ 17 ವರ್ಷ ಕಳೆದಿತ್ತು.

1958ರಲ್ಲಿ ಅವರು ದೂರದರ್ಶನಕ್ಕೆ ಬರೆದ 'ವತಾಶಿ ವಾ ಕಾಯ್ ನಿ ನಾರಿತಾಯ್' ಕೂಡ ತೀರ್ಪಿನ ಕುರಿತದ್ದೇ. ಶೀರ್ಷಿಕೆಯ ಅರ್ಥ 'ನಾನು ಚಿಪ್ಪುಜೀವಿಯಾಗಬಯಸುತ್ತೇನೆ'. ಸೇನೆಗೆ ಕಡ್ಡಾಯವಾಗಿ ಸೇರಿದ ಕ್ಷೌರಿಕನೊಬ್ಬ ಮೇಲಧಿಕಾರಿಯ ಆಜ್ಞೆಯಂತೆ ಅಮೆರಿಕದ ಸೆರೆಯಾಳಿನತ್ತ ಈಟಿ ಹಿಡಿಯುತ್ತಾನೆ. ಯುದ್ಧಾನಂತರ ಯುದ್ಧಾಪರಾಧಿಯೆಂದು ಗಲ್ಲಿಗೇರುತ್ತಾನೆ. ಮನುಷ್ಯನಾಗಿ ಮರುಹುಟ್ಟುವುದು ಬೇಡ, ಕಡಲಾಳದ ಚಿಪ್ಪಾದರೆ ಯುದ್ಧವೂ ಇಲ್ಲ, ಸೇನೆಯೂ ಇಲ್ಲ ಎಂಬುದು ಅವನ ಕೊನೆಯ ಬಯಕೆ. ಜಪಾನಿನ ದೂರದರ್ಶನ ನಾಟಕಗಳಲ್ಲಿ ಇದು ಮೈಲಿಗಲ್ಲೆನಿಸಿತು. ಕೊನೆಯ ಪತ್ರದ ಆಶಯ ಯುದ್ಧಾಪರಾಧಿಯೆಂದು ಸೆರೆವಾಸ ಅನುಭವಿಸಿದ್ದ ತೆತ್ಸುತಾರೊ ಕಾತೊ ಅವರ ಬರಹದ್ದೆಂಬ ವಿವಾದ ಎದ್ದು, ಅನಂತರ ಅವರ ಹೆಸರನ್ನೂ ಉಲ್ಲೇಖಿಸಲಾಯಿತು. 1959ರಲ್ಲಿ ಇದನ್ನೇ ಚಲನಚಿತ್ರವಾಗಿಸಿ ಹಶಿಮೊಟೊ ನಿರ್ದೇಶಕರಾದರು.

ಬಿದಿರಿನ ಕತ್ತಿ

ಮಸಾಕಿ ಕೊಬಯಾಶಿ ನಿರ್ದೇಶನದ 'ಹರಕಿರಿ' (1962) ಹಶಿಮೊಟೊ ಅವರ ಅತ್ಯಂತ ಬಿಗಿಯಾದ ಚಿತ್ರಕಥೆಯೆಂದು ಹಲವು ವಿಮರ್ಶಕರು ಭಾವಿಸುತ್ತಾರೆ. ಯಾಸುಹಿಕೊ ತಾಕಿಗುಚಿ ಅವರ ಕಥೆ ಇದಕ್ಕೆ ಮೂಲ. 1630ರಲ್ಲಿ ಎದೊ ನಗರದ ಪಾಳೆಯಗಾರನ ಮಹಲಿಗೆ ನಿರುದ್ಯೋಗಿ ಸಮುರಾಯ್ ಒಬ್ಬ ಬಂದು, ಗೌರವದಿಂದ ಹೊಟ್ಟೆ ಬಗಿದುಕೊಳ್ಳಲು ಅಂಗಳದಲ್ಲಿ ಜಾಗ ಬೇಡುತ್ತಾನೆ. ಇದೇ ಬೇಡಿಕೆಯೊಡನೆ ಹಿಂದೆ ಬಂದಿದ್ದ ಯುವಕನೊಬ್ಬನನ್ನು ಮಹಲಿನವರು ಬಡತನದಿಂದ ಮಾರಿಕೊಂಡ ಉಕ್ಕಿನ ಅಲಗಿನ ಬದಲು ಅವನ ಬಳಿಯಿದ್ದ ಬಿದಿರಿನ ಕತ್ತಿಯಿಂದಲೇ ಸಾಯುವಂತೆ ಮಾಡಿದ್ದರು. ಬಂದಿರುವವನು ಆ ಯುವಕನ ಮಾವ ಎಂಬ ಸತ್ಯ ಹಂತಹಂತವಾಗಿ ಬಯಲಾಗುತ್ತದೆ.

ಕೊನೆಯಲ್ಲಿ ಮಹಲಿನ ದಿನಚರಿ ಪುಸ್ತಕ ನಡೆದುದನ್ನೆಲ್ಲ ಮರೆಮಾಚಿ ಬೇರೆಯದೇ ವೃತ್ತಾಂತವನ್ನು ದಾಖಲಿಸುತ್ತದೆ. ಸಾಕ್ಷಿಗಳೆಲ್ಲ ತಮಗೆ ಬೇಕಾದಂತೆ ನುಡಿದ 'ರಾಶೋಮನ್'ನಿಂದ ಹನ್ನೆರಡು ವರ್ಷಗಳ ಬಳಿಕ, ಅಧಿಕೃತ ಚರಿತ್ರೆಯೇ ಸುಳ್ಳು ಸಾಕ್ಷ್ಯವಾಗುವ ಸ್ಥಿತಿಯನ್ನು ಹಶಿಮೊಟೊ ಚಿತ್ರಿಸಿದರು. ಚಿತ್ರಕ್ಕೆ 1963ರ ಕಾನ್ ಉತ್ಸವದಲ್ಲಿ ವಿಶೇಷ ಜ್ಯೂರಿ ಪ್ರಶಸ್ತಿ ಲಭಿಸಿತು. ಇದೇ ಜೋಡಿಯ 'ಸಮುರಾಯ್ ರೆಬೆಲಿಯನ್' (1967), ವೈದ್ಯಕೀಯ ಕಾಲೇಜಿನ ಅಧಿಕಾರ ಕಲಹ ಕುರಿತ 'ಶಿರೋಯ್ ಕ್ಯೊತೊ' (1966) ಎರಡೂ ಆಯಾ ವರ್ಷ 'ಕಿನೆಮಾ ಜುಂಪೊ' ಪಟ್ಟಿಯ ಅಗ್ರಸ್ಥಾನದಲ್ಲಿದ್ದವು. 1945ರ ಆಗಸ್ಟ್ 14ರಿಂದ 15ರವರೆಗೆ ಜಪಾನಿನ ಶರಣಾಗತಿಯ ಹಿಂದೆ ನಡೆದ ವಿದ್ಯಮಾನಗಳನ್ನು ನಿರೂಪಿಸುವ 'ಜಪಾನ್ಸ್ ಲಾಂಗೆಸ್ಟ್ ಡೇ' (1967) ಕೂಡ ಅವರದೇ ಚಿತ್ರಕಥೆ.

'ಸುನಾ ನೊ ಉತ್ಸುವಾ': ಎರಡು ಸಾಲಿನಿಂದ ಅರಳಿದ ಯಾತ್ರೆ

ಜಪಾನಿನ ಸಾಮಾನ್ಯ ಪ್ರೇಕ್ಷಕರು ಹಶಿಮೊಟೊ ಅವರನ್ನು ಹೆಚ್ಚಾಗಿ ನೆನೆಯುವುದು 'ಸುನಾ ನೊ ಉತ್ಸುವಾ' (1974) ಚಿತ್ರಕ್ಕಾಗಿ. ಶೀರ್ಷಿಕೆಯ ಅರ್ಥ 'ಮರಳಿನ ಪಾತ್ರೆ'. ಸೆಯ್ಚೊ ಮಾತ್ಸುಮೊಟೊ ಅವರ ಪತ್ತೇದಾರಿ ಕಾದಂಬರಿ 1960–61ರಲ್ಲಿ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಪ್ರಕಟವಾಗಿತ್ತು. ಚಿತ್ರಕಥೆ ಆಗಲೇ ಸಿದ್ಧವಾದರೂ ಹತ್ತು ವರ್ಷಕ್ಕೂ ಮಿಕ್ಕಿ ಮೂಲೆಗೆ ಬಿದ್ದಿತ್ತು. 1973ರಲ್ಲಿ ಹಶಿಮೊಟೊ ಸ್ವಂತ ನಿರ್ಮಾಣ ಸಂಸ್ಥೆ ಸ್ಥಾಪಿಸಿದ ಬಳಿಕ ಯೊಶಿತಾರೊ ನೊಮುರಾ ನಿರ್ದೇಶನದಲ್ಲಿ ಅದು ತೆರೆಗೆ ಬಂದಿತು. ಯೋಜಿ ಯಮಾದಾ ಸಹಲೇಖಕರು.

ಟೋಕಿಯೊದ ರೈಲ್ವೆ ಯಾರ್ಡ್‌ನಲ್ಲಿ ವೃದ್ಧನೊಬ್ಬನ ಶವ ಪತ್ತೆಯಾಗುತ್ತದೆ. ತನಿಖೆಯ ಜಾಡು ಕೀರ್ತಿಶಿಖರದಲ್ಲಿರುವ ಯುವ ಸಂಗೀತ ಸಂಯೋಜಕನತ್ತ ಸಾಗುತ್ತದೆ. ಅವನ ಗುಟ್ಟು ಬಾಲ್ಯದಲ್ಲಿದೆ. ಕುಷ್ಠರೋಗಿಯಾದ ತಂದೆಯೊಡನೆ ಊರಿನಿಂದ ಹೊರದೂಡಲ್ಪಟ್ಟು ಹಾದಿಬೀದಿ ಅಲೆದ ಬಾಲಕನೇ ಈ ಸಂಯೋಜಕ. ಸತ್ತವನು ಅವರಿಬ್ಬರಿಗೂ ಉಪಕಾರ ಮಾಡಿದ್ದ ಹಳ್ಳಿಯ ಪೊಲೀಸ್.

ಕಾದಂಬರಿಯಲ್ಲಿ ತಂದೆ ಮಗನ ಅಲೆದಾಟಕ್ಕೆ ಸಿಕ್ಕಿರುವುದು ಒಂದೆರಡು ಸಾಲಿನ ಜಾಗ. ಹಶಿಮೊಟೊ ಅದನ್ನೇ ಚಿತ್ರದ ಕೊನೆಯ ಸುದೀರ್ಘ ಭಾಗವಾಗಿ ಹಿಗ್ಗಿಸಿದರು. ಪೊಲೀಸ್ ಸಭೆಯಲ್ಲಿ ಪತ್ತೇದಾರ ಪ್ರಕರಣವನ್ನು ವಿವರಿಸುತ್ತಾನೆ. ಅದೇ ಹೊತ್ತಿಗೆ ಸಂಯೋಜಕ ವೇದಿಕೆಯಲ್ಲಿ ತನ್ನ ಹೊಸ ಕೃತಿಯನ್ನು ನುಡಿಸುತ್ತಾನೆ. ಇವೆರಡರ ನಡುವೆ ಹಿಮ, ಮಳೆ, ಹೂವಿನ ಋತುಗಳಲ್ಲಿ ನಡೆಯುತ್ತ ಸಾಗುವ ಇಬ್ಬರು ಯಾತ್ರಿಕರ ದೃಶ್ಯಗಳು ಮಾತಿಲ್ಲದೆ ಮೂಡುತ್ತವೆ. ಈ ವಿನ್ಯಾಸಕ್ಕೆ ಪ್ರೇರಣೆ ಜಪಾನಿನ ಸಾಂಪ್ರದಾಯಿಕ ಗೊಂಬೆಯಾಟ ಬುನ್ರಾಕು. ಅದರಲ್ಲಿ ಕಥನಗಾರ, ಶಮಿಸೆನ್ ವಾದಕ, ಗೊಂಬೆಗಳು ಪ್ರತ್ಯೇಕವಾಗಿದ್ದು ಒಟ್ಟಾಗಿ ಕಥೆ ಹೇಳುವಂತೆ ಇಲ್ಲಿ ಪತ್ತೇದಾರ, ಸಂಗೀತ, ಯಾತ್ರಿಕರು ಒಂದಾಗುತ್ತಾರೆ. ಕರಾವಳಿಯ ಯಕ್ಷಗಾನ ಬೊಂಬೆಯಾಟದಲ್ಲಿ ಭಾಗವತರ ಹಾಡಿಗೆ ಗೊಂಬೆಗಳು ಕುಣಿಯುವುದನ್ನು ಕಂಡವರಿಗೆ ಈ ತಂತ್ರ ಅಪರಿಚಿತವೆನಿಸದು. ಚಿತ್ರದ ಸಂಗೀತದ ಹೊಣೆ ಹೊತ್ತಿದ್ದ ಯಾಸುಶಿ ಅಕುತಗಾವಾ, 'ರಾಶೋಮನ್' ಕಥೆಗಾರ ರ್ಯೂನೊಸುಕೆ ಅಕುತಗಾವಾ ಅವರ ಪುತ್ರ.

ಮತ್ತೊಂದು ಮಹತ್ವದ ಬದಲಾವಣೆಯೂ ಇದೆ. ಕಾದಂಬರಿಯಲ್ಲಿ ತಂದೆ ತೀರಿಕೊಂಡಿರುತ್ತಾನೆ. ಚಿತ್ರದಲ್ಲಿ ಆತ ಚಿಕಿತ್ಸಾಲಯದಲ್ಲಿ ಬದುಕಿದ್ದಾನೆ. ಮಗನ ಭಾವಚಿತ್ರ ತೋರಿಸಿದಾಗ, ಅವನಿಗೆ ಕೇಡಾಗಬಾರದೆಂದು, ಇಂಥವನನ್ನು ತಾನು ಅರಿಯೆನೆಂದು ಗೋಳಾಡುತ್ತಾನೆ. ಸುಳ್ಳು ಸಾಕ್ಷ್ಯವೇ ಪ್ರೀತಿಯ ರೂಪ ತಾಳುವ ಸನ್ನಿವೇಶವಿದು. ಚಿತ್ರ ತಮ್ಮ ಕಾದಂಬರಿಯನ್ನು ಮೀರಿಸಿತೆಂದು ಮಾತ್ಸುಮೊಟೊ ಮೆಚ್ಚಿದರು.

ಚಿತ್ರ ನಿರ್ಮಾಣದ ಹಂತದಲ್ಲಿ, ಕುಷ್ಠರೋಗದ ಬಗೆಗಿನ ಪೂರ್ವಗ್ರಹ ಹೆಚ್ಚೀತೆಂಬ ಆತಂಕದಿಂದ ರೋಗಿಗಳ ಸಂಘಟನೆ ಆಕ್ಷೇಪಿಸಿತ್ತು. ಮಾತುಕತೆಯ ಬಳಿಕ, ರೋಗ ಗುಣಪಡಿಸಬಹುದಾದುದು, ಅಡ್ಡಿಯಾಗಿರುವುದು ಸಮಾಜದ ಪೂರ್ವಗ್ರಹ ಎಂಬ ಆಶಯದ ಬರಹವನ್ನು ಚಿತ್ರದ ಕೊನೆಗೆ ಸೇರಿಸಲಾಯಿತು. ಜಪಾನಿನಲ್ಲಿ ರೋಗಿಗಳನ್ನು ಬಲವಂತವಾಗಿ ಪ್ರತ್ಯೇಕಿಸುತ್ತಿದ್ದ ಕಾನೂನು ಆಗಲೂ ಜಾರಿಯಲ್ಲಿತ್ತು. ಅದು ರದ್ದಾದದ್ದು 1996ರಲ್ಲಿ. 2001ರಲ್ಲಿ ಕುಮಾಮೊಟೊ ಜಿಲ್ಲಾ ನ್ಯಾಯಾಲಯ ಈ ನೀತಿಗೆ ಸರ್ಕಾರವನ್ನು ಹೊಣೆ ಮಾಡಿತು. ಸರ್ಕಾರ ಮೇಲ್ಮನವಿ ಸಲ್ಲಿಸಲಿಲ್ಲ.

ಯಶಸ್ಸಿನ ತುದಿ ಮತ್ತು ಪತನ

1902ರ ಜನವರಿಯಲ್ಲಿ ಚಳಿಗಾಲದ ತಾಲೀಮಿಗೆ ಹೊರಟ 210 ಸೈನಿಕರ ಪೈಕಿ 199 ಮಂದಿ ಹಿಮದಲ್ಲಿ ಸಿಲುಕಿ ಸತ್ತ ದುರಂತವನ್ನು ಆಧರಿಸಿದ 'ಮೌಂಟ್ ಹಕ್ಕೋಡಾ' (1977) ಆ ವರ್ಷ ಅತಿ ಹೆಚ್ಚು ಗಳಿಸಿದ ಜಪಾನಿ ಚಿತ್ರವಾಯಿತು. ಮೇಲಧಿಕಾರಿಯ ಹಟಕ್ಕೆ ಕೆಳಗಿನವರು ಪ್ರಾಣ ತೆರುವ ವಸ್ತು ಇಲ್ಲಿಯೂ ಮುಂದುವರಿದಿದೆ.

ಐದು ವರ್ಷಗಳ ನಂತರ ತೊಹೊ ಸಂಸ್ಥೆಯ 50ನೇ ವರ್ಷದ ಅಂಗವಾಗಿ ಹಶಿಮೊಟೊ ತಾವೇ ಕಥೆ ಬರೆದು ನಿರ್ದೇಶಿಸಿದ 'ಮಬೊರೊಶಿ ನೊ ಮಿಜುಉಮಿ' (1982) ಹೀನಾಯ ಸೋಲುಂಡಿತು. ಬಿವಾ ಸರೋವರದ ತೀರದಲ್ಲಿ ತನ್ನ ನಾಯಿಯನ್ನು ಕೊಂದವನನ್ನು ಬೆನ್ನಟ್ಟುವ ಯುವತಿಯ ಕಥೆ ಶತಮಾನಗಳ ಹಿಂದಕ್ಕೂ, ಕೊನೆಗೆ ಬಾಹ್ಯಾಕಾಶಕ್ಕೂ ಜಿಗಿಯುತ್ತಿತ್ತು. ಚಿತ್ರ ಕೆಲವೇ ದಿನಗಳಲ್ಲಿ ಚಿತ್ರಮಂದಿರಗಳಿಂದ ಹೊರಬಿತ್ತು. ಇಟಾಮಿ, ಕುರೊಸಾವಾ, ಒಗುನಿ ಅವರಂತೆ ಕಟುವಾಗಿ ತಿದ್ದುವವರು ಈ ಬಾರಿ ಪಕ್ಕದಲ್ಲಿರಲಿಲ್ಲ. ಆ ನಂತರ ಅವರ ಬರವಣಿಗೆ ವಿರಳವಾಯಿತು.

ಕೊನೆಯ ವರ್ಷಗಳು

2006ರಲ್ಲಿ, 88ನೇ ವಯಸ್ಸಿನಲ್ಲಿ ಹಶಿಮೊಟೊ ಪ್ರಕಟಿಸಿದ ನೆನಪಿನ ಪುಸ್ತಕ ಕುರೊಸಾವಾ ತಂಡದ ಕಾರ್ಯವಿಧಾನ ತಿಳಿಯಲು ಪ್ರಮುಖ ಆಕರವಾಗಿದೆ. ತಮ್ಮ ಗೆಳೆಯನ ಉತ್ತರಾರ್ಧದ ಚಿತ್ರಗಳ ಬಗ್ಗೆ ಅವರು ಇದರಲ್ಲಿ ನಿಷ್ಠುರವಾಗಿಯೇ ಬರೆದಿದ್ದಾರೆ. ಕುರೊಸಾವಾ ಭೇಟಿಯಾಗಬಾರದಿದ್ದ ವ್ಯಕ್ತಿ ಹಶಿಮೊಟೊ, ಅವರು ಗಂಭೀರ ವಸ್ತು ವಿಚಾರಗಳನ್ನು ತಂದು ಹೊರಿಸದೆ ಇದ್ದಿದ್ದರೆ ಕುರೊಸಾವಾ ದೃಶ್ಯಪ್ರತಿಭೆಯ ಬಲದಿಂದಲೇ ಇನ್ನೂ ಎತ್ತರಕ್ಕೆ ಏರುತ್ತಿದ್ದರು ಎಂದು ನೊಮುರಾ ಹೇಳಿದ್ದನ್ನೂ ಮುಚ್ಚಿಡದೆ ದಾಖಲಿಸಿದ್ದಾರೆ.

2008ರಲ್ಲಿ 'ವತಾಶಿ ವಾ ಕಾಯ್ ನಿ ನಾರಿತಾಯ್' ಮರುನಿರ್ಮಾಣಗೊಂಡಾಗ ಚಿತ್ರಕಥೆಯನ್ನು ಅವರೇ ಪರಿಷ್ಕರಿಸಿದರು. 2013ರಲ್ಲಿ ಅಮೆರಿಕದ ಚಿತ್ರಕಥೆಗಾರರ ಸಂಘ ಹಶಿಮೊಟೊ, ಕುರೊಸಾವಾ, ಒಗುನಿ ಹಾಗೂ ರ್ಯೂಜೊ ಕಿಕುಶಿಮಾ ಅವರಿಗೆ ಒಟ್ಟಾಗಿ ಜಾನ್ ರೆನ್ವಾ ಪ್ರಶಸ್ತಿ ಘೋಷಿಸಿತು. ನಾಲ್ವರ ಪೈಕಿ ಆಗ ಬದುಕಿದ್ದವರು ಹಶಿಮೊಟೊ ಒಬ್ಬರೇ. 2018ರ ಜುಲೈ 19ರಂದು ಟೋಕಿಯೊದಲ್ಲಿ ನ್ಯುಮೋನಿಯಾದಿಂದ ನಿಧನರಾದಾಗ ಅವರಿಗೆ 100 ವರ್ಷ. ಇಪ್ಪತ್ತರ ಹರೆಯದಲ್ಲಿ ಕ್ಷಯ ಪೀಡಿತನಾಗಿ ಮಲಗಿದ್ದ ಸೈನಿಕ ಶತಾಯುಷಿಯಾದರು. 2023ರಲ್ಲಿ ತೈಚಿ ಕಸುಗಾ ಬರೆದ ಅವರ ಬೃಹತ್ ಜೀವನಚರಿತ್ರೆ ಪ್ರಕಟವಾಯಿತು.

ಭಾರತದಲ್ಲಿ ಪ್ರಭಾವ

1952ರಲ್ಲಿ ಭಾರತದ ಮೊದಲ ಅಂತಾರಾಷ್ಟ್ರೀಯ ಚಿತ್ರೋತ್ಸವದಲ್ಲಿ 'ರಾಶೋಮನ್' ಪ್ರದರ್ಶನಗೊಂಡಿತು. ಅದನ್ನು ಕಂಡು ಬೆರಗಾದವರಲ್ಲಿ ಸತ್ಯಜಿತ್ ರಾಯ್ ಸೇರಿದ್ದರು. ರಾಮನಗರದ ಬಂಡೆಗಳ ನಡುವೆ ಚಿತ್ರೀಕರಣಗೊಂಡ ಹಿಂದಿಯ 'ಶೋಲೆ' (1975) ಚಿತ್ರದಲ್ಲಿ, ಡಕಾಯಿತರ ವಿರುದ್ಧ ಹಳ್ಳಿಗೆ ಬಾಡಿಗೆ ವೀರರನ್ನು ಕರೆತರುವ ಕಥಾವಸ್ತುವಿನ ಮೂಲವನ್ನು 'ಸೆವೆನ್ ಸಮುರಾಯ್' ಪರಂಪರೆಯಲ್ಲಿ ಗುರುತಿಸಲಾಗುತ್ತದೆ. ಕನ್ನಡದಲ್ಲಿ ರಕ್ಷಿತ್ ಶೆಟ್ಟಿ ನಿರ್ದೇಶನದ 'ಉಳಿದವರು ಕಂಡಂತೆ' (2014) ಕರಾವಳಿಯ ಘಟನೆಯೊಂದನ್ನು ಹಲವರ ದೃಷ್ಟಿಯಿಂದ ಹೇಳಿ, 'ರಾಶೋಮನ್' ಮಾದರಿಯ ನಿರೂಪಣೆಗೆ ಹೆಸರಾಯಿತು.

ಪ್ರಮುಖ ಚಿತ್ರಕಥೆಗಳು

1950 – ರಾಶೋಮನ್ (ನಿರ್ದೇಶನ: ಅಕಿರಾ ಕುರೊಸಾವಾ)
1952 – ಇಕಿರು (ಕುರೊಸಾವಾ)
1954 – ಸೆವೆನ್ ಸಮುರಾಯ್ (ಕುರೊಸಾವಾ)
1956 – ಮಹಿರು ನೊ ಅಂಕೊಕು (ತದಾಶಿ ಇಮಾಯ್)
1957 – ಥ್ರೋನ್ ಆಫ್ ಬ್ಲಡ್ (ಕುರೊಸಾವಾ)
1959 – ವತಾಶಿ ವಾ ಕಾಯ್ ನಿ ನಾರಿತಾಯ್ (ಸ್ವಂತ ನಿರ್ದೇಶನ)
1962 – ಹರಕಿರಿ (ಮಸಾಕಿ ಕೊಬಯಾಶಿ)
1966 – ಶಿರೋಯ್ ಕ್ಯೊತೊ (ಸತ್ಸುವೊ ಯಮಾಮೊಟೊ)
1967 – ಸಮುರಾಯ್ ರೆಬೆಲಿಯನ್ (ಕೊಬಯಾಶಿ)
1967 – ಜಪಾನ್ಸ್ ಲಾಂಗೆಸ್ಟ್ ಡೇ (ಕಿಹಾಚಿ ಒಕಾಮೊಟೊ)
1974 – ಸುನಾ ನೊ ಉತ್ಸುವಾ (ಯೊಶಿತಾರೊ ನೊಮುರಾ)
1977 – ಮೌಂಟ್ ಹಕ್ಕೋಡಾ (ಶಿರೊ ಮೊರಿತಾನಿ)
1982 – ಮಬೊರೊಶಿ ನೊ ಮಿಜುಉಮಿ (ಸ್ವಂತ ನಿರ್ದೇಶನ)